ಗುಬ್ಬಿಯ ಮೇಲೆ ಬ್ರಹ್ಮಾಸ್ತ್ರ

ಸರ್ಕಾರಿ ನೌಕರರೆಂದರೆ ನಮಗೆ ಯಾರಿಗೂ ಅಂಥ ಕನಿಕರವಿಲ್ಲ. ರೇಷನ್ ಕಾರ್ಡಿಗೆ, ಖಾತೆ ಬದಲಾವಣೆಗೆ ಅಲೆದು ಚಪ್ಪಲಿ ಸವೆಸಿದ ಹೆಂಗಸರಿಗಂತೂ ಗುಮಾಸ್ತನೊಬ್ಬ ವಜಾ ಆದನೆಂದರೆ ಬಾಯಿಗೆ ಸಕ್ಕರೆ ಹಾಕಿದಂತೆ. ಆದರೂ ನಾನಿಂದು ಅವರ ಪರವಾಗಿಯೇ ವಾದಿಸಲು ಹೊರಟಿದ್ದೇನೆ. ಶಿಕ್ಷೆಯ ಆದೇಶ ಒಬ್ಬರ ಹೆಸರಿಗೆ ಬರುತ್ತದೆ, ಅನುಭವಿಸುವುದು ಇಡೀ ಮನೆ.

ತಪ್ಪಿಗೆ ಶಿಕ್ಷೆ ಬೇಡವೆಂದು ನಾನು ಹೇಳುತ್ತಿಲ್ಲ. ನಮ್ಮ ರಾಜ್ಯದ 1957ರ ಸಿವಿಲ್ ಸೇವಾ ನಿಯಮಗಳಲ್ಲಿ ವಾಗ್ದಂಡನೆ, ವೇತನ ಬಡ್ತಿಗೆ ತಡೆ, ಹಿಂಬಡ್ತಿ, ಕಡ್ಡಾಯ ನಿವೃತ್ತಿ, ವಜಾ ಎಂದು ಶಿಕ್ಷೆಗಳು ಮೆಟ್ಟಿಲು ಮೆಟ್ಟಿಲಾಗಿವೆ. ಕೆಲವು ಅಪವಾದಗಳನ್ನು ಬಿಟ್ಟರೆ, ವಿಚಾರಣೆಯಿಲ್ಲದೆ ವಜಾ ಮಾಡಬಾರದೆಂದು ಸಂವಿಧಾನದ 311ನೇ ವಿಧಿಯೂ ಹೇಳುತ್ತದೆ. ಆದರೆ ಯಾವ ಮೆಟ್ಟಿಲೆಂದು ಆರಿಸುವುದು ಮೇಲಧಿಕಾರಿ. ಕೆಲವರಿಗೆ ಕೈಗೆ ಸಿಗುವುದು ಕಟ್ಟಕಡೆಯ ಮೆಟ್ಟಿಲೇ.

ನನ್ನ ನಾದಿನಿ ಒಂದು ಕಚೇರಿಯಲ್ಲಿ ದ್ವಿತೀಯ ದರ್ಜೆ ಸಹಾಯಕಿ. ಲಕ್ವ ಹೊಡೆದ ಅತ್ತೆಯ ಆರೈಕೆಗೆ, ರಜೆ ಮಂಜೂರಾಗದಿದ್ದರೂ, ನಾಲ್ಕು ತಿಂಗಳು ಮನೆಯಲ್ಲುಳಿದಳು. ಹದಿನಾರು ವರ್ಷದ ಸೇವೆಯ ಮೇಲೆ ವಜಾ ಆದೇಶ ಬಂತು. ಆಡಳಿತ ನ್ಯಾಯಮಂಡಳಿ ‘ಶಿಕ್ಷೆ ಅತಿಯಾಯಿತು’ ಎಂದಾಗ ಗೆದ್ದೆವೆಂದು ಹೋಳಿಗೆ ಮಾಡಿದೆವು. ಆದೇಶ ಪೂರ್ತಿ ಓದಿದಾಗಲೇ ತಿಳಿದದ್ದು, ಹೊಸ ಶಿಕ್ಷೆಯನ್ನು ತೀರ್ಮಾನಿಸಲು ಕಡತ ಮತ್ತೆ ಅದೇ ಅಧಿಕಾರಿಯ ಮೇಜಿಗೆ! ಅಲ್ಲದು ಎರಡು ವರ್ಷ ಮಲಗಿತು. ಅಷ್ಟರಲ್ಲಿ ಅವಳ ಬಳೆಗಳೆಲ್ಲ ಮಕ್ಕಳ ಫೀಸಿಗೆ ಹೋದವು. ಕಡೆಗೆ ಎರಡು ವೇತನ ಬಡ್ತಿಗಳನ್ನು ತಡೆಹಿಡಿದು ಕೆಲಸಕ್ಕೆ ಕರೆದುಕೊಂಡರು. ಗೆದ್ದವನು ಸೋತ, ಸೋತವನು ಸತ್ತ ಎನ್ನುವುದು ಸುಮ್ಮನೆ ಅಲ್ಲ.

ಇದು ಆ ನ್ಯಾಯಮಂಡಳಿಯ ಹಟವೇನಲ್ಲ. 1995ರಲ್ಲಿ ಬಿ.ಸಿ. ಚತುರ್ವೇದಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹಾಕಿಕೊಟ್ಟ ದಾರಿಯೇ ಇದು. ನ್ಯಾಯಾಲಯ ಇಲಾಖೆಯ ಮೇಲ್ಮನವಿ ಅಧಿಕಾರಿಯಲ್ಲ. ಶಿಕ್ಷೆ ಆತ್ಮಸಾಕ್ಷಿಗೆ ಆಘಾತ ತರುವಂತಿದ್ದರೆ ಮಾತ್ರ ಕೈಹಾಕಬಹುದು. ಆಗ ಮರುಪರಿಶೀಲನೆಗೆ ಇಲಾಖೆಗೆ ಹೇಳಬಹುದು. ತಾನೇ ಶಿಕ್ಷೆ ನಿಗದಿ ಮಾಡುವುದು ತೀರ ಅಪರೂಪಕ್ಕೆ.

ಆಘಾತ ಯಾರ ಆತ್ಮಸಾಕ್ಷಿಗೆ? 1987ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದ ಒಬ್ಬ ಸೈನಿಕನ ಕಥೆ ಕೇಳಿ. ಊಟ ಮಾಡೆಂಬ ಅಪ್ಪಣೆಯನ್ನು ಮೀರಿದನೆಂದು ಅವನಿಗೆ ಒಂದು ವರ್ಷ ಜೈಲು, ಮೇಲೆ ವಜಾ. ಕೋರ್ಟು ಅದನ್ನು ರದ್ದು ಮಾಡಿತು, ಸಂತೋಷ. ಆದರೆ ಅಂಥ ವಿಪರೀತ ಕಂಡರಷ್ಟೇ ಆತ್ಮಸಾಕ್ಷಿ ಎಚ್ಚರಗೊಳ್ಳಬೇಕೆ? ಅನ್ಯಾಯವೆಲ್ಲ ಹಾಗೆ ಸದ್ದು ಮಾಡುತ್ತ ಬರುವುದಿಲ್ಲ.

ಇಲಾಖೆಯ ಶಿಸ್ತನ್ನು ಇಲಾಖೆಯೇ ಬಲ್ಲದು, ನ್ಯಾಯಾಧೀಶರಿಗೇನು ಗೊತ್ತು ಎಂದು ಕೆಲವರು ಕೇಳುತ್ತಾರೆ. ಹಾಗಾದರೆ ಕಾರ್ಖಾನೆಯ ಶಿಸ್ತು ಅವರಿಗೆ ಹೇಗೆ ಗೊತ್ತಾಯಿತು? ವಜಾ ಆದ ಕಾರ್ಮಿಕನ ಶಿಕ್ಷೆಯನ್ನು ತಾನೇ ಇಳಿಸುವ ಅಧಿಕಾರವನ್ನು 1971ರ ತಿದ್ದುಪಡಿಯಲ್ಲೇ ಕೈಗಾರಿಕಾ ವಿವಾದ ಕಾಯ್ದೆ ಕಾರ್ಮಿಕ ನ್ಯಾಯಾಲಯಕ್ಕೆ ಕೊಟ್ಟಿತು. ಅದರಿಂದ ಕಾರ್ಖಾನೆಗಳೇನೂ ಮುಳುಗಲಿಲ್ಲ.

ಲಂಚಕೋರರೆಲ್ಲ ತಿರುಗಿ ಬರುತ್ತಾರೆಂಬ ಭಯವೂ ಬೇಡ. ಪ್ರಯಾಣಿಕರಿಗೆ ಕಡಿಮೆ ಬೆಲೆಯ ಟಿಕೇಟು ಕೊಟ್ಟ ನಮ್ಮ ಕೆಎಸ್ಆರ್‌ಟಿಸಿ ಕಂಡಕ್ಟರೊಬ್ಬರ ವಜಾವನ್ನು ರದ್ದು ಮಾಡಬಾರದಿತ್ತೆಂದು 2001ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಮೊತ್ತ ಚಿಲ್ಲರೆಯಾದರೇನು, ಮುರಿದದ್ದು ನಂಬಿಕೆ. ಕಳ್ಳತನ ಯಾವುದು, ಕಷ್ಟಕ್ಕೆ ಮಾಡಿದ ಗೈರುಹಾಜರಿ ಯಾವುದು ಎಂದು ತೂಗಬಲ್ಲವರ ಕೈಗೆ ತಕ್ಕಡಿ ಕೊಟ್ಟು, ತೂಕದ ಕಲ್ಲು ಮಾತ್ರ ಕೊಡುವುದಿಲ್ಲವೆಂದರೆ ಹೇಗೆ?

1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಗೆ ಒಂದೇ ಒಂದು ಸೆಕ್ಷನ್ ಸೇರಲಿ: ಶಿಕ್ಷೆ ಅತಿಯೆಂದು ಕಂಡರೆ, ಸರಿಯಾದ ಶಿಕ್ಷೆ ಯಾವುದೆಂದು ನ್ಯಾಯಮಂಡಳಿಯೇ ಅಂದೇ ಹೇಳಲಿ. ಹೊಡೆದ ಕೈಯನ್ನೇ ಮತ್ತೆ ಕರೆದು, ಎಷ್ಟು ಹೊಡೆದರೆ ಸಾಕಿತ್ತು ನೀನೇ ಹೇಳಪ್ಪಾ ಎನ್ನುವುದು ಯಾವ ಸೀಮೆಯ ನ್ಯಾಯ, ನೀವೇ ಹೇಳಿ.