ಬ್ರಾಂಝ್ ಕಾರ್ಡಿನ ವಿಂಗರ್

ಫೀಫಾ ಗೇಮ್ ಆಡುವವರಿಗೆಲ್ಲ ಈ ಅಭ್ಯಾಸ ಇದ್ದೇ ಇರುತ್ತೆ. ಪ್ಯಾಕ್ ತೆರೆದಾಗ ಕಂದು ಬಣ್ಣದ ಬ್ರಾಂಝ್ ಕಾರ್ಡ್ ಬಂದರೆ ನಾವು ಹೆಸರನ್ನೂ ಓದದೆ ಕ್ವಿಕ್ ಸೆಲ್ ಒತ್ತುತ್ತೇವೆ. ರೇಟಿಂಗ್ 64 ದಾಟಿಲ್ಲ ಅಂದ್ರೆ ಆ ಮನುಷ್ಯ ನಮ್ಮ ಪಾಲಿಗೆ ಚಿಲ್ಲರೆ ಕಾಸು.

ಇಂಗ್ಲೆಂಡಿನ ಕೆಳಗಿನ ಲೀಗ್‌ಗಳ ಆಟಗಾರರು ನಮಗೆ ಪರಿಚಯ ಆಗೋದೇ ಹೀಗೆ. ಶನಿವಾರ ರಾತ್ರಿ ಹಾಸ್ಟೆಲ್‌ನಲ್ಲಿ ಪ್ರೀಮಿಯರ್ ಲೀಗ್ ನೋಡ್ತೀವಿ. ಅಲ್ಲಿರೋದು 20 ಕ್ಲಬ್. ಅದರ ಕೆಳಗೆ ಚಾಂಪಿಯನ್‌ಶಿಪ್, ಲೀಗ್ ಒನ್, ಲೀಗ್ ಟೂ ಅಂತ ಮೂರು ಡಿವಿಷನ್, ಒಟ್ಟು 72 ಕ್ಲಬ್ ಇವೆ. ಅಲ್ಲಿ ಆಡುವವರನ್ನು ನಾವು ಎರಡೇ ಕಾರಣಕ್ಕೆ ನೆನಪಿಸಿಕೊಳ್ತೀವಿ: ಒಂದೋ ಅವರು ಮೇಲಕ್ಕೆ ಬಂದು ಸ್ಟಾರ್ ಆಗಬೇಕು, ಇಲ್ಲಾ ಮೀಮ್ ಆಗಬೇಕು. ಎರಡೂ ಆಗದವರ ಬಗ್ಗೆ ಯಾರೂ ಮಾತಾಡಲ್ಲ. ಅಂಥ ಒಬ್ಬರ ಬಗ್ಗೆ ಮಾತಾಡೋಣ ಅನಿಸಿ ಈ ಲೇಖನ.

ಹೆಸರು ಕೆವಿನ್ ಎಲಿಸನ್. 1979ರಲ್ಲಿ ಲಿವರ್‌ಪೂಲ್‌ನಲ್ಲಿ ಹುಟ್ಟಿದವರು. (ಹೆಚ್ಚುಕಮ್ಮಿ ನಮ್ಮ ಅಪ್ಪಂದಿರ ವಯಸ್ಸು, ಹಾಗಾಗಿ 'ಅವರು' ಅಂತಲೇ ಬರೀತೀವಿ.) ಆಡಿದ್ದು ವಿಂಗರ್ ಆಗಿ, ಅಂದ್ರೆ ಮೈದಾನದ ಅಂಚಿನ ಗೆರೆ ಪಕ್ಕ. ಆಲ್ಟ್ರಿಂಚಮ್ ಅನ್ನೋ ಸಣ್ಣ ನಾನ್-ಲೀಗ್ ಕ್ಲಬ್‌ನಿಂದ ನೇರವಾಗಿ ಲೆಸ್ಟರ್ ಸಿಟಿಗೆ ಬಂದರು. ಲೆಸ್ಟರ್ ಆಗ ಪ್ರೀಮಿಯರ್ ಲೀಗ್‌ನಲ್ಲಿತ್ತು. ಮಾರ್ಚ್ 2001ರಲ್ಲಿ ಓಲ್ಡ್ ಟ್ರಾಫರ್ಡ್‌ನಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ವಿರುದ್ಧ ಆಡಿದರು. ಲೆಸ್ಟರ್ 2-0 ಅಂತರದಲ್ಲಿ ಸೋತಿತು. ಎಲಿಸನ್ ಅವರ ಪ್ರೀಮಿಯರ್ ಲೀಗ್ ಬದುಕು ಅಷ್ಟೇ, ಒಂದೇ ಮ್ಯಾಚ್.

ನಮ್ಮ ಲೆಕ್ಕದಲ್ಲಿ ಕತೆ ಇಲ್ಲಿಗೆ ಮುಗೀಬೇಕು. 'ಚಾನ್ಸ್ ಸಿಕ್ಕಿತ್ತು, ಉಳಿಸಿಕೊಳ್ಳಲಿಲ್ಲ' ಅಂತ ಒಂದು ಸಾಲು ಸಾಕು. ಆದರೆ ಅವರು ಅದಾದ ಮೇಲೆ ಇನ್ನೂ 20 ವರ್ಷ ಆಡಿದರು! ಸ್ಟಾಕ್‌ಪೋರ್ಟ್, ಚೆಸ್ಟರ್, ಹಲ್, ಟ್ರಾನ್‌ಮಿಯರ್, ಮತ್ತೆ ಚೆಸ್ಟರ್, ರಾದರ್‌ಹ್ಯಾಮ್. 2011ರಲ್ಲಿ ಮೊರೆಕಾಂಬ್ ಸೇರಿದರು. ಒಟ್ಟು 600ಕ್ಕೂ ಹೆಚ್ಚು ಲೀಗ್ ಪಂದ್ಯ, ಬಹುತೇಕ ಎಲ್ಲವೂ ಮೂರನೇ, ನಾಲ್ಕನೇ ಹಂತದಲ್ಲಿ.

ಮೊರೆಕಾಂಬ್ ಲ್ಯಾಂಕಶೈರ್‌ನ ಸಮುದ್ರತೀರದ ಒಂದು ಚಿಕ್ಕ ಊರು. ಕ್ಲಬ್ ಲೀಗ್‌ಗೆ ಬಂದಿದ್ದೇ 2007ರಲ್ಲಿ. ಲೀಗ್ ಟೂನಲ್ಲಿ ಕೊನೆಯ ಎರಡು ಸ್ಥಾನಕ್ಕೆ ಬಿದ್ದ ಕ್ಲಬ್ 72ರ ಪಟ್ಟಿಯಿಂದಲೇ ಹೊರಗೆ. ಹೊರಗೆ ಬಿದ್ದರೆ ಲೀಗ್‌ನಿಂದ ಬರೋ ದುಡ್ಡು ಕಡಿಮೆಯಾಗುತ್ತೆ, ಅದರ ಜೊತೆಗೆ ಆಟಗಾರರ, ಸಿಬ್ಬಂದಿಯ ಕೆಲಸಕ್ಕೂ ಕುತ್ತು. ಮೇ 2018ರಲ್ಲಿ ಮೊರೆಕಾಂಬ್ ಆ ಅಂಚಿಗೆ ಬಂದು ನಿಂತಿತ್ತು. ಕೊನೆಯ ದಿನ ಕೊವೆಂಟ್ರಿಯಲ್ಲಿ 0-0 ಡ್ರಾ. ಬಾರ್ನೆಟ್ ಅದೇ ದಿನ ಗೆದ್ದರೂ ಪಾಯಿಂಟ್ಸ್ ಸಮ ಆಗಿದ್ದರಿಂದ ಗೋಲ್ ಡಿಫರೆನ್ಸ್‌ನಲ್ಲಿ ಅವರು ಕೆಳಗೆ ಹೋದರು, ಮೊರೆಕಾಂಬ್ ಉಳೀತು. ಆ ತಂಡದಲ್ಲಿ 39 ವರ್ಷದ ಎಲಿಸನ್ ಇದ್ದರು. ಮೊರೆಕಾಂಬ್ ಪರ ಅವರು ಹೊಡೆದ ಗೋಲುಗಳು 80ಕ್ಕೂ ಹೆಚ್ಚು. ಗೋಲ್ ಡಿಫರೆನ್ಸ್‌ನಲ್ಲಿ ಬದುಕೋ ಕ್ಲಬ್‌ಗೆ ಒಂದೊಂದು ಗೋಲಿನ ಬೆಲೆ ಏನು ಅಂತ ಆ ಊರಿನವರನ್ನು ಕೇಳಬೇಕು.

ಇದರ ಡ್ರಾಫ್ಟ್ ಓದಿದ ನಮ್ಮ ರೂಮ್‌ಮೇಟ್ ಒಬ್ಬ, "ಲೋ, ಇದೆಲ್ಲ ಮೇಲಕ್ಕೆ ಹೋಗೋಕೆ ಆಗದವರಿಗೆ ಹೇಳೋ ಸಮಾಧಾನ ಕಣೋ" ಅಂದ. ಅವನ ಮಾತನ್ನು ಸುಮ್ನೆ ತಳ್ಳಿಹಾಕೋಕೆ ಆಗಲ್ಲ. ಓಲ್ಡ್ ಟ್ರಾಫರ್ಡ್‌ನಲ್ಲೇ ಉಳೀಬೇಕು ಅನ್ನೋ ಆಸೆ ಯಾವ ಆಟಗಾರನಿಗೆ ಇರಲ್ಲ? ಆದರೆ ನಾವು ಹೇಳ್ತಿರೋದು ಆಸೆ ಬಿಡಿ ಅಂತಲ್ಲ. ಅವರನ್ನು ಹೊರಗೆ ತಳ್ಳೋಕೆ ಪ್ರತಿ ವರ್ಷ ಹೊಸ ಹುಡುಗರು ಬರ್ತಿದ್ದರು. ವಿಂಗರ್‌ಗೆ ವಯಸ್ಸಾದರೆ ಮೊದಲು ಹೋಗೋದೇ ವೇಗ. ಅಂಥ ಜಾಗದಲ್ಲಿ 40 ದಾಟೋ ತನಕ ಸಂಬಳ ತಗೊಂಡು ಆಡಿದ್ದಾರೆ ಅಂದ್ರೆ ಪ್ರತಿ ಸೀಸನ್ ತಮ್ಮ ಜಾಗವನ್ನು ಹೊಸದಾಗಿ ಗೆದ್ದಿದ್ದಾರೆ ಅಂತ ಅರ್ಥ. ಇದಕ್ಕೆ 'ಫ್ಲಾಪ್' ಅನ್ನೋ ಪದ ಹೇಗೆ ಹೊಂದುತ್ತೆ?

ಹಾಗಂತ ಇದನ್ನು ಸುಂದರ ಕತೆ ಮಾಡೋದೂ ತಪ್ಪು. ಈ ಹಂತದಲ್ಲಿ ಹೆಚ್ಚಿನ ಕಾಂಟ್ರ್ಯಾಕ್ಟ್‌ಗಳು ಒಂದು ವರ್ಷ, ಎರಡು ವರ್ಷದವು. ಸೀಸನ್ ಮುಗಿದಾಗಲೆಲ್ಲ ಮುಂದೆ ಯಾವ ಊರು, ಮಕ್ಕಳಿಗೆ ಯಾವ ಸ್ಕೂಲು ಅನ್ನೋ ಚಿಂತೆ. ಎಲಿಸನ್ 2020ರಲ್ಲಿ ತಮಗೆ ಡಿಪ್ರೆಷನ್ ಕಾಡಿದ್ದನ್ನು ಎಲ್ಲರ ಮುಂದೆ ಹೇಳಿಕೊಂಡರು. ಅಲ್ಲಿನ ಡ್ರೆಸ್ಸಿಂಗ್ ರೂಮಿನಲ್ಲಿ 41 ವರ್ಷದ ಗಂಡಸು ಹೀಗೆ ಬಾಯಿಬಿಟ್ಟು ಹೇಳೋದು ಸಣ್ಣ ವಿಷಯ ಅಲ್ಲ. ನಮ್ಮ ಹಾಸ್ಟೆಲ್‌ಗಳಲ್ಲೂ ಅಲ್ಲ. ಅದೇ ವರ್ಷ ಮೊರೆಕಾಂಬ್ ಬಿಟ್ಟು ವೇಲ್ಸ್‌ನ ನ್ಯೂಪೋರ್ಟ್ ಕೌಂಟಿ ಸೇರಿದರು. ಮುಂದಿನ ಮೇ ತಿಂಗಳಲ್ಲಿ ನ್ಯೂಪೋರ್ಟ್ ವೆಂಬ್ಲಿಯಲ್ಲಿ ಪ್ಲೇಆಫ್ ಫೈನಲ್ ಆಡಿತು. ಎದುರಾಳಿ ಯಾರು ಗೊತ್ತಾ? ಮೊರೆಕಾಂಬ್! ಎಕ್ಸ್‌ಟ್ರಾ ಟೈಮ್‌ನಲ್ಲಿ ಒಂದು ಪೆನಾಲ್ಟಿ, ಮೊರೆಕಾಂಬ್ 1-0 ಅಂತರದಲ್ಲಿ ಗೆದ್ದು ಲೀಗ್ ಒನ್‌ಗೆ ಹೋಯ್ತು. ಎಲಿಸನ್ ಒಂಬತ್ತು ವರ್ಷ ದುಡಿದ ಕ್ಲಬ್ ಮೇಲೇರಿದಾಗ ಅವರು ಸೋತವರ ಕಡೆ ಇದ್ದರು. ಸಿನಿಮಾ ಆಗಿದ್ದರೆ ಯಾರೂ ಹೀಗೆ ಮುಗಿಸ್ತಿರಲಿಲ್ಲ.

2025ರಲ್ಲಿ ಮೊರೆಕಾಂಬ್ ಲೀಗ್ ಟೂನಿಂದಲೂ ಕೆಳಗೆ ಬಿತ್ತು. ಆ ಬೇಸಿಗೆಯಲ್ಲಿ ಕ್ಲಬ್ಬೇ ಮುಚ್ಚಿಹೋಗುತ್ತೇನೋ ಅನ್ನೋ ಸ್ಥಿತಿ ಬಂದಿತ್ತು, ಮಾಲೀಕರು ಬದಲಾದ ಮೇಲೆ ಉಳೀತು. ಎಲಿಸನ್ ಥರದವರು ಅಷ್ಟು ವರ್ಷ ಏನನ್ನು ಹಿಡಿದು ನಿಲ್ಲಿಸಿದ್ದರು ಅಂತ ನಮಗೆ ಅರ್ಥ ಆಗಿದ್ದು ಆಗಲೇ.

ನಾವೀಗ ಸೆಕೆಂಡ್ ಇಯರ್. ಸೀನಿಯರ್‌ಗಳಿಗೆ ಪ್ಲೇಸ್‌ಮೆಂಟ್ ಆದಾಗ ನಮ್ಮ ಬಾಯಲ್ಲಿ ಬರೋದು ಎರಡೇ ಪ್ರಶ್ನೆ: ಯಾವ ಕಂಪನಿ, ಎಷ್ಟು ಪ್ಯಾಕೇಜ್? ಅಲ್ಲಿ ಏನು ಕೆಲಸ ಮಾಡ್ತೀರಾ ಅಂತ ಯಾರನ್ನೂ ಕೇಳಿದ ನೆನಪಿಲ್ಲ. ಉತ್ತರ ದೊಡ್ಡದಾಗಿದ್ದರೆ ಪಾರ್ಟಿ, ಇಲ್ಲಾಂದ್ರೆ 'ಓಕೆ' ಅಂತ ಮುಖ ತಿರುಗಿಸಿ ಹೋಗ್ತೀವಿ. ಇದೂ ಕ್ವಿಕ್ ಸೆಲ್ಲೇ. ಇನ್ನೆರಡು ವರ್ಷಕ್ಕೆ ಆ ಪ್ಯಾಕ್‌ನಲ್ಲಿ ಇರೋದು ನಾವೇ, ನಮ್ಮಲ್ಲಿ ಹೆಚ್ಚಿನವರು ಗೋಲ್ಡ್ ಆಗಿರಲ್ಲ.

ಮುಂದಿನ ಸಲ ಪ್ಯಾಕ್ ತೆರೆದಾಗ ಬಟನ್ ಒತ್ತೋ ಮುಂಚೆ ಹೆಸರನ್ನಾದರೂ ಓದೋಣ.