ಗಂಟಲು ಎಂದರೆ ಯಾವ ಜಾಗ?

ಮಕ್ಕಳೇ, ಮುಂದೆ ಓದುವ ಮೊದಲು ಒಂದು ಕೆಲಸ ಮಾಡಿ. ಪತ್ರಿಕೆಯನ್ನು ಕೆಳಗಿಟ್ಟು, 'ನನ್ನ ಗಂಟಲು ಇಲ್ಲಿದೆ' ಎಂದು ಬೆರಳಿನಿಂದ ಮುಟ್ಟಿ ತೋರಿಸಿ. ಪಕ್ಕದಲ್ಲಿ ಕುಳಿತವರೂ ತೋರಿಸಲಿ. ಇಬ್ಬರ ಬೆರಳೂ ಒಂದೇ ಜಾಗದಲ್ಲಿದೆಯೇ?

ಶಿವಮೊಗ್ಗದಿಂದ ಭದ್ರಾವತಿಗೆ ಹೋಗುವ ರಸ್ತೆಯಲ್ಲಿ ಮಲವಗೊಪ್ಪ ಸಿಗುತ್ತದೆ. ಅಲ್ಲಿ ಏಳನೇ ತರಗತಿಯ ಮಕ್ಕಳಿಗೆ ನಾನು ಇದೇ ಪ್ರಶ್ನೆ ಕೇಳಿದ್ದೆ. ಒಬ್ಬಳು ಗದ್ದದ ಕೆಳಗೆ ಮುಟ್ಟಿದಳು. ಒಬ್ಬ ಕುತ್ತಿಗೆಯ ನಡುವೆ ಉಬ್ಬಿರುವ ಗಟ್ಟಿ ಭಾಗವನ್ನು ಹಿಡಿದ. ಇನ್ನೊಬ್ಬ ಎದೆಯ ಮೇಲಿನ ಗುಳಿಯನ್ನು ತೋರಿಸಿದ. ಹಿಂದಿನ ಸಾಲಿನ ಹುಡುಗಿಯೊಬ್ಬಳು ಬಾಯಿ ಅಗಲವಾಗಿ ತೆರೆದು ಒಳಗಡೆಗೆ ಬೆರಳು ಮಾಡಿದಳು. ಎಲ್ಲರೂ ನಕ್ಕರು. ಆದರೆ ಸರಿಯಾದ ಉತ್ತರಕ್ಕೆ ಹೆಚ್ಚು ಹತ್ತಿರವಿದ್ದವಳು ಅವಳೇ.

ದಿನಕ್ಕೆ ಹತ್ತು ಸಲ ಬಳಸುವ ಪದ. ಆದರೂ ಅದು ಯಾವ ಜಾಗದ ಹೆಸರು ಎಂದು ನಾವು ಯೋಚಿಸುವುದಿಲ್ಲ. ಯೋಚಿಸಬೇಕು ಎಂಬುದು ನನ್ನ ಅಭಿಪ್ರಾಯ. ಏಕೆಂದು ಹೇಳುತ್ತೇನೆ.

ಒಂದು ಪದ, ಹಲವು ಜಾಗ

ಮನೆಯಲ್ಲಿ ನಾವು ಆಡುವ ಮಾತುಗಳನ್ನು ನೆನಪಿಸಿಕೊಳ್ಳಿ. ಜೋರಾಗಿ ಕೂಗಿದ ಮರುದಿನ 'ಗಂಟಲು ಕಟ್ಟಿದೆ' ಎನ್ನುತ್ತೇವೆ. ಇಲ್ಲಿ ಕೆಟ್ಟಿರುವುದು ಧ್ವನಿಪೆಟ್ಟಿಗೆ. ನೆಗಡಿಯಾದಾಗ 'ಗಂಟಲು ನೋವು' ಎನ್ನುತ್ತೇವೆ. ಇಲ್ಲಿ ನೋಯುವುದು ಬಾಯಿಯ ಹಿಂಭಾಗದ ಗಂಟಲಕುಳಿ. ಮೀನಿನ ಮುಳ್ಳು 'ಗಂಟಲಲ್ಲಿ ಸಿಕ್ಕಿಕೊಂಡಿತು' ಎನ್ನುತ್ತೇವೆ. ಅದು ಗಂಟಲಕುಳಿಯಲ್ಲೂ ಇರಬಹುದು, ಅದರ ಕೆಳಗಿನ ಅನ್ನನಾಳದಲ್ಲೂ ಇರಬಹುದು. ಪದ ಒಂದೇ, ಜಾಗ ಬೇರೆ ಬೇರೆ.

ಹೊರಗಿನ ಭಾಗಕ್ಕೆ ಕುತ್ತಿಗೆ, ಕೊರಳು ಎಂಬ ಪದಗಳಿವೆ. ಸರ ಹಾಕುವುದು ಕೊರಳಿಗೆ, ಗಂಟಲಿಗಲ್ಲ. ಕಂಠ ಎಂಬ ಪದವಂತೂ ಒಳಗೂ ಹೊರಗೂ ಸಲ್ಲುತ್ತದೆ. ಚೆನ್ನಾಗಿ ಹಾಡುವವರಿಗೆ 'ಒಳ್ಳೆಯ ಕಂಠ' ಇದೆ ಎನ್ನುತ್ತೇವೆ. ಅಲ್ಲಿ ಕಂಠವೆಂದರೆ ಧ್ವನಿ. ಪದ್ಯವನ್ನು ಬಾಯಿಪಾಠ ಮಾಡಿದರೆ 'ಕಂಠಪಾಠ' ಎನ್ನುತ್ತೇವೆ. ಪದ್ಯ ನೆನಪಿನಲ್ಲಿ ಉಳಿಯುವುದು ಮಿದುಳಿನಲ್ಲಿ ತಾನೆ?

ವ್ಯಾಕರಣದ ತರಗತಿಯಲ್ಲಿ ಕ, ಖ, ಗ, ಘ, ಙ ಇವು 'ಕಂಠ್ಯ' ಅಕ್ಷರಗಳು ಎಂದು ಕಲಿತಿದ್ದೀರಿ. ಈಗ ನಿಧಾನವಾಗಿ 'ಕ' ಎಂದು ಹೇಳಿ. ನಾಲಿಗೆಯ ಹಿಂಭಾಗ ಮೇಲೆದ್ದು ಬಾಯಿಯ ಮೇಲ್ಛಾವಣಿಯ ಹಿಂದಿನ ಮೆತ್ತನೆಯ ಭಾಗಕ್ಕೆ ತಾಗುತ್ತದೆ. ಅದು ಮೃದು ಅಂಗುಳ. ಗಂಟಲಿನ ಹೊಸ್ತಿಲು ಎನ್ನಬಹುದು. ಈಗ ಕ, ಚ, ಟ, ತ, ಪ ಎಂದು ಸಾಲಾಗಿ ಹೇಳಿ. ಬಾಯಿಯ ಹಿಂದಿನಿಂದ ತುಟಿಯವರೆಗೆ ನಡೆದು ಬಂದಂತೆ ಅನ್ನಿಸುವುದಿಲ್ಲವೇ? ಅಕ್ಷರಗಳನ್ನು ಹೀಗೆ ಜೋಡಿಸಿದ ಹಿಂದಿನವರು ಎಷ್ಟು ಸೂಕ್ಷ್ಮವಾಗಿ ಗಮನಿಸಿದ್ದರು ನೋಡಿ! ಅವರು ಕಂಠ ಎಂಬ ಪದವನ್ನು ಅಗಲವಾದ ಅರ್ಥದಲ್ಲಿ ಬಳಸಿದರು. ಶರೀರಶಾಸ್ತ್ರಕ್ಕೆ ಅಷ್ಟು ಅಗಲವಾದ ಪದ ಸಾಲದು.

ಎರಡು ದಾರಿ ಕೂಡುವ ಗೇಟು

ಹಾಗಾದರೆ ಗಂಟಲಿನೊಳಗೆ ಏನೇನಿದೆ? ಮೂಗಿನ ಹಿಂದೆ ಮೊದಲಾಗಿ, ಬಾಯಿಯ ಹಿಂಭಾಗದ ಮೂಲಕ ಕೆಳಗಿಳಿಯುವ ಕೊಳವೆಯಂತಹ ಜಾಗವೇ ಗಂಟಲಕುಳಿ. ಇಂಗ್ಲಿಷಿನಲ್ಲಿ ಫ್ಯಾರಿಂಕ್ಸ್ ಎನ್ನುತ್ತಾರೆ. ದೊಡ್ಡವರಲ್ಲಿ ಇದರ ಉದ್ದ ಸುಮಾರು 12ರಿಂದ 13 ಸೆಂ.ಮೀ. ಇದರ ಕೆಳತುದಿಯಲ್ಲಿ ದಾರಿ ಎರಡಾಗುತ್ತದೆ. ಮುಂದಿನದು ಗಾಳಿಯ ದಾರಿ: ಮೊದಲು ಧ್ವನಿಪೆಟ್ಟಿಗೆ, ಅದರ ಕೆಳಗೆ ಶ್ವಾಸನಾಳ. ಹಿಂದಿನದು ಅನ್ನದ ದಾರಿ, ಅಂದರೆ ಅನ್ನನಾಳ.

ಇಲ್ಲೊಂದು ತೊಡಕಿದೆ, ಗಮನಿಸಿ. ಗಾಳಿ ಮೂಗಿನಿಂದ, ಅಂದರೆ ಬಾಯಿಯ ಮೇಲಿನಿಂದ, ಬಂದು ಮುಂದಿನ ಕೊಳವೆಗೆ ಹೋಗಬೇಕು. ಅನ್ನ ಬಾಯಿಯಿಂದ ಬಂದು ಹಿಂದಿನ ಕೊಳವೆಗೆ ಹೋಗಬೇಕು. ಆದ್ದರಿಂದ ಎರಡೂ ದಾರಿಗಳು ಗಂಟಲಕುಳಿಯಲ್ಲಿ ಒಂದನ್ನೊಂದು ದಾಟುತ್ತವೆ. ಶಿವಮೊಗ್ಗ–ಬೀರೂರು ರೈಲು ಹಾದಿಯ ಗೇಟುಗಳನ್ನು ನೀವು ನೋಡಿರಬಹುದು. ರಸ್ತೆಯೂ ಹಳಿಯೂ ಕೂಡುವ ಜಾಗದಲ್ಲಿ ರೈಲು ಬರುವಾಗ ಗೇಟು ಬೀಳುತ್ತದೆ. ಬಸ್ಸು, ಸೈಕಲ್ಲು ಎಲ್ಲ ನಿಲ್ಲುತ್ತವೆ. ನುಂಗುವಾಗಲೂ ಹೀಗೆಯೇ. ಮೃದು ಅಂಗುಳ ಮೇಲೆದ್ದು ಮೂಗಿನ ದಾರಿ ಮುಚ್ಚುತ್ತದೆ. ಧ್ವನಿಪೆಟ್ಟಿಗೆ ಮೇಲೇರುತ್ತದೆ, ಎಪಿಗ್ಲಾಟಿಸ್ ಎಂಬ ಎಲೆಯಂತಹ ಮುಚ್ಚಳ ಅದರ ಮೇಲೆ ಬಾಗುತ್ತದೆ, ಒಳಗಿನ ಧ್ವನಿತಂತುಗಳೂ ಒಂದಕ್ಕೊಂದು ಸೇರಿ ಬಾಗಿಲು ಹಾಕುತ್ತವೆ. ಆ ಕ್ಷಣ ಉಸಿರಾಟ ನಿಂತಿರುತ್ತದೆ. ತುತ್ತು ದಾಟಿದ ಮೇಲೆ ಗೇಟು ತೆರೆಯುತ್ತದೆ.

ಇದೇ ಗಂಟಲಕುಳಿಯ ಮೇಲ್ಭಾಗಕ್ಕೆ ಎರಡೂ ಕಿವಿಗಳಿಂದ ಸಣ್ಣ ನಾಳಗಳು ಬಂದು ಸೇರುತ್ತವೆ. ಬಸ್ಸು ಆಗುಂಬೆ ಘಾಟಿ ಇಳಿಯುವಾಗ ಕಿವಿ ಕಟ್ಟಿದಂತಾಗಿ, ಉಗುಳು ನುಂಗಿದೊಡನೆ ತೆರೆದುಕೊಳ್ಳುವುದು ಈ ನಾಳಗಳಿಂದ.

ಕಿರುನಾಲಗೆಯ ಗೊಂದಲ

ಮಕ್ಕಳ ನೋಟ್ಸು ಪುಸ್ತಕಗಳಲ್ಲಿ ನಾನು ಒಂದು ಗೊಂದಲವನ್ನು ಮತ್ತೆ ಮತ್ತೆ ಕಂಡಿದ್ದೇನೆ. ಬಾಯಿ ತೆರೆದಾಗ ಹಿಂದೆ ನೇತಾಡುವ ಸಣ್ಣ ಮಾಂಸದ ತುಂಡಿಗೆ ಕಿರುನಾಲಗೆ ಎಂದು ಬರೆದಿರುತ್ತಾರೆ. ಶ್ವಾಸದ ದಾರಿಯನ್ನು ಮುಚ್ಚುವ ಎಪಿಗ್ಲಾಟಿಸ್‌ಗೂ ಕಿರುನಾಲಗೆ ಎಂದೇ ಬರೆದಿರುತ್ತಾರೆ. ಮೊದಲನೆಯದನ್ನು ಕನ್ನಡಿ ಹಿಡಿದು ನೀವೇ ನೋಡಬಹುದು. ಎರಡನೆಯದು ನಾಲಿಗೆಯ ಬುಡದ ಹಿಂದೆ, ಕೆಳಗೆ ಇರುತ್ತದೆ, ಸಾಮಾನ್ಯವಾಗಿ ಕಾಣುವುದಿಲ್ಲ. ಒಂದು ಮೇಲಿನಿಂದ ನೇತಾಡುತ್ತದೆ, ಇನ್ನೊಂದು ಕೆಳಗಿನಿಂದ ಎದ್ದು ನಿಂತಿರುತ್ತದೆ. ಹೀಗಾಗಿ 'ನೇತಾಡುವ ಆ ತುಂಡೇ ಶ್ವಾಸನಾಳವನ್ನು ಮುಚ್ಚುತ್ತದೆ' ಎಂದು ಎಷ್ಟೋ ಮಕ್ಕಳು ನಂಬಿದ್ದಾರೆ.

ಇದರಲ್ಲಿ ಮಕ್ಕಳ ತಪ್ಪಿಲ್ಲ. ಎರಡು ವಸ್ತುಗಳಿಗೆ ಒಂದೇ ಹೆಸರು ಕೊಟ್ಟರೆ ಗೊಂದಲವಾಗದೆ ಇರುತ್ತದೆಯೇ? ಕಾಣುವ ಭಾಗಕ್ಕೆ ಕಿರುನಾಲಗೆ ಎಂಬ ಹಳೆಯ ಹೆಸರಿರಲಿ. ಕಾಣದ ಮುಚ್ಚಳಕ್ಕೆ ಎಪಿಗ್ಲಾಟಿಸ್ ಎಂದೋ 'ಧ್ವನಿಪೆಟ್ಟಿಗೆಯ ಮುಚ್ಚಳ' ಎಂದೋ ಹೇಳೋಣ. ಹೆಸರು ಕೇಳಿದ ಕೂಡಲೇ ಜಾಗ ಕಣ್ಣಮುಂದೆ ಬರಬೇಕು.

ನೆತ್ತಿಗೆ ಹತ್ತಿದ ಅನ್ನ

'ಇಷ್ಟು ಸಣ್ಣ ವಿಷಯಕ್ಕೆ ಇಷ್ಟೊಂದು ಮಾತೇಕೆ? ಪದ ಯಾವುದಾದರೇನು?' ಎಂದು ನೀವು ಕೇಳಬಹುದು. ಕೆಲವು ಶಿಕ್ಷಕ ಮಿತ್ರರೂ ನನ್ನನ್ನು ಹೀಗೆ ಕೇಳಿದ್ದಾರೆ. ಅವರಿಗೆ ನಾನು ಒಂದು ಘಟನೆ ಹೇಳುತ್ತೇನೆ.

ಒಂದು ಶಾಲೆಯಲ್ಲಿ ಬಿಸಿಯೂಟದ ಸಮಯ. ನಗುತ್ತಾ ಉಣ್ಣುತ್ತಿದ್ದ ಹುಡುಗನೊಬ್ಬ ಇದ್ದಕ್ಕಿದ್ದಂತೆ ಕೆಮ್ಮತೊಡಗಿದ. ಸುತ್ತಲಿದ್ದವರು 'ನೆತ್ತಿಗೆ ಹತ್ತಿತು, ನೆತ್ತಿಗೆ ಹತ್ತಿತು' ಎನ್ನುತ್ತಾ ಅವನ ತಲೆ ತಟ್ಟಿದರು. 'ಯಾರೋ ನೆನೆಸಿಕೊಂಡರು' ಎಂದರು. ಒಬ್ಬರು ನೀರು ಕುಡಿಸಲು ಬಂದರು. ಅದೃಷ್ಟಕ್ಕೆ ಅವನ ಕೆಮ್ಮು ಜೋರಾಗಿತ್ತು, ಅನ್ನದ ಅಗುಳು ಹೊರಬಂತು, ಹುಡುಗ ಸುಧಾರಿಸಿಕೊಂಡ.

ಅನ್ನ ನೆತ್ತಿಗೆ ಹೋಗಲು ದಾರಿಯೇ ಇಲ್ಲ. ಅದು ಹೋದದ್ದು ಧ್ವನಿಪೆಟ್ಟಿಗೆಯ ಬಾಗಿಲಿಗೆ. ನಗುವಾಗ, ಮಾತನಾಡುವಾಗ ಗಾಳಿಗಾಗಿ ಗೇಟು ತೆರೆದಿರುತ್ತದೆ. ಆಗಲೇ ಅಗುಳು ನುಗ್ಗಿತು. ಆದರೆ ಪದ 'ನೆತ್ತಿ' ಎಂದಿತು, ಕೈ ನೆತ್ತಿಯನ್ನೇ ತಟ್ಟಿತು. ಪದ ತೋರಿಸಿದ ಕಡೆಗೆ ಕೈ ಹೋಗುತ್ತದೆ. ಆದ್ದರಿಂದಲೇ ಪದ ಯಾವುದಾದರೂ ನಡೆಯುತ್ತದೆ ಎಂದು ನಾನು ಒಪ್ಪುವುದಿಲ್ಲ.

ಸರಿಯಾದ ಕ್ರಮ ಯಾವುದು? ಜೋರಾಗಿ ಕೆಮ್ಮುತ್ತಿದ್ದರೆ ಗಾಳಿ ಓಡಾಡುತ್ತಿದೆ ಎಂದರ್ಥ. ಕೆಮ್ಮಲು ಬಿಡಿ, ಧೈರ್ಯ ಹೇಳಿ. ಕೆಮ್ಮಲೂ ಆಗದೆ, ಮಾತೂ ಹೊರಡದೆ, ಉಸಿರಿಗೆ ಒದ್ದಾಡುತ್ತಿದ್ದರೆ ಅದು ಅಪಾಯ. ಕೂಡಲೇ ದೊಡ್ಡವರನ್ನು ಕೂಗಿ ಕರೆಯಿರಿ, 108ಕ್ಕೆ ಫೋನ್ ಮಾಡಿಸಿ. ಆ ವ್ಯಕ್ತಿಯನ್ನು ಮುಂದಕ್ಕೆ ಬಾಗಿಸಿ, ಬೆನ್ನಿನ ಮೇಲೆ ಎರಡು ಹೆಗಲೆಲುಬುಗಳ ನಡುವೆ ಅಂಗೈಯ ಬುಡದಿಂದ 5 ಸಲ ಬಲವಾಗಿ ಹೊಡೆಯಬೇಕು. ಅದರಿಂದಲೂ ಹೊರಬರದಿದ್ದರೆ, ತಿಳಿದ ದೊಡ್ಡವರು ಹಿಂದಿನಿಂದ ತಬ್ಬಿ ಹಿಡಿದು ಹೊಕ್ಕುಳಿನ ಸ್ವಲ್ಪ ಮೇಲೆ ಒಳಕ್ಕೂ ಮೇಲಕ್ಕೂ 5 ಸಲ ಒತ್ತುತ್ತಾರೆ. ಅದು ಹೊರಬರುವವರೆಗೆ ಎರಡನ್ನೂ ಒಂದಾದ ಮೇಲೊಂದು ಮಾಡುತ್ತಾರೆ. ಒಂದು ವರ್ಷದೊಳಗಿನ ಶಿಶುಗಳಿಗೆ ಹೀಗೆ ಹೊಟ್ಟೆ ಒತ್ತಬಾರದು. ಉಸಿರು ಕಟ್ಟಿದವರಿಗೆ ನೀರು ಕುಡಿಸಬೇಡಿ. ಕಾಣದ ವಸ್ತುವಿಗಾಗಿ ಬಾಯೊಳಗೆ ಬೆರಳು ಹಾಕಬೇಡಿ, ಅದು ಇನ್ನೂ ಒಳಗೆ ಹೋಗಬಹುದು.

ಹೆಸರಿನಲ್ಲಿ ಗಂಟಲಿರುವ ರೋಗಗಳು

ಇನ್ನೆರಡು ಹೆಸರುಗಳನ್ನು ನೋಡಿ. ಡಿಫ್ತೀರಿಯಾವನ್ನು ಕನ್ನಡದಲ್ಲಿ ಗಂಟಲಮಾರಿ ಎನ್ನುತ್ತಾರೆ. ಅಯೋಡಿನ್ ಕೊರತೆಯಿಂದ ಬರುವ ಬಾವಿಗೆ ಗಳಗಂಡ ಎನ್ನುತ್ತಾರೆ. ಗಳ ಎಂದರೂ ಕೊರಳೇ. ಎರಡೂ 'ಗಂಟಲಿನ ರೋಗ' ಎಂದು ಬರೆದರೆ ಅರ್ಧ ತಿಳಿದಂತೆ. ಗಂಟಲಮಾರಿ ಬ್ಯಾಕ್ಟೀರಿಯಾದಿಂದ ಗಂಟಲಕುಳಿಯ ಒಳಗೆ ಬರುತ್ತದೆ. ಅಲ್ಲಿ ಬೂದು ಬಣ್ಣದ ಪೊರೆ ಬೆಳೆದು ಉಸಿರಿನ ದಾರಿಯನ್ನೇ ಮುಚ್ಚಬಹುದು. ಗಳಗಂಡದಲ್ಲಿ ಊದಿಕೊಳ್ಳುವುದು ಶ್ವಾಸನಾಳದ ಮುಂದೆ, ಚರ್ಮದ ಕೆಳಗಿರುವ ಥೈರಾಯಿಡ್ ಗ್ರಂಥಿ. ಒಂದನ್ನು ತಡೆಯುವುದು ಲಸಿಕೆ, ಇನ್ನೊಂದನ್ನು ತಡೆಯುವುದು ಅಯೋಡಿನ್ ಇರುವ ಉಪ್ಪು. ಜಾಗ ತಿಳಿದರೆ ಕಾರಣವೂ ಉಪಾಯವೂ ಬೇರೆ ಎಂಬುದು ತಾನಾಗಿ ತಿಳಿಯುತ್ತದೆ. ಅಂದಹಾಗೆ, ಗಂಟಲಮಾರಿಯ ವಿರುದ್ಧ 10 ಮತ್ತು 16ನೇ ವಯಸ್ಸಿನಲ್ಲಿ ಟಿಡಿ ಲಸಿಕೆ ಕೊಡುತ್ತಾರೆ. ನಿಮಗೆ ಆಗಿದೆಯೇ? ಮನೆಯಲ್ಲಿ ಕೇಳಿ ನೋಡಿ.

ಮನೆಯ ಮಾತನ್ನು ಬಿಡಬೇಕೇ?

ಖಂಡಿತ ಬೇಡ. ಅಜ್ಜಿ 'ಗಂಟಲು ಕಟ್ಟಿದೆ' ಎಂದರೆ 'ಅಲ್ಲ ಅಜ್ಜಿ, ಅದು ಧ್ವನಿಪೆಟ್ಟಿಗೆ' ಎಂದು ತಿದ್ದಲು ಹೋಗಬೇಡಿ. ಅವರ ಮಾತು ನಮಗೆಲ್ಲ ಅರ್ಥವಾಗುತ್ತದೆ, ಅದು ಚೆಂದದ ಮಾತು ಕೂಡ. ಹಾಗೆಂದು ಲ್ಯಾರಿಂಕ್ಸ್, ಫ್ಯಾರಿಂಕ್ಸ್ ಎಂದು ಹೆಸರುಗಳನ್ನಷ್ಟೇ ಉರುಹೊಡೆದರೂ ಪ್ರಯೋಜನವಿಲ್ಲ. ಪರೀಕ್ಷೆಯಲ್ಲಿ ಅಂಕ ಬರಬಹುದು. ಜಾಗ ಮಾತ್ರ ತಿಳಿದಿರುವುದಿಲ್ಲ. ನಾನು ಕೇಳುವುದಿಷ್ಟೇ: ಗಂಟಲು ಎಂಬ ಪದ ಬಂದಾಗಲೆಲ್ಲ 'ಗಂಟಲಿನ ಯಾವ ಭಾಗ?' ಎಂದು ಒಮ್ಮೆ ನಿಮ್ಮನ್ನೇ ಕೇಳಿಕೊಳ್ಳಿ. ಮುಂದಿನ ಸಲ ಆಸ್ಪತ್ರೆಗೆ ಹೋದಾಗ 'ಗಂಟಲು ನೋವು' ಎಂದಷ್ಟೇ ಹೇಳಿ ಸುಮ್ಮನಾಗಬೇಡಿ. ನುಂಗುವಾಗ ನೋವೇ, ಧ್ವನಿ ಹೊರಡುತ್ತಿಲ್ಲವೇ, ಉಸಿರಾಡಲು ಕಷ್ಟವೇ, ಬಿಡಿಸಿ ಹೇಳಿ. ವೈದ್ಯರ ಅರ್ಧ ಕೆಲಸ ಹಗುರವಾಗುತ್ತದೆ.

ಮಾಡಿ ನೋಡಿ

1. ಕುತ್ತಿಗೆಯ ಮುಂದಿನ ಗಟ್ಟಿ ಉಬ್ಬಿನ ಮೇಲೆ ಎರಡು ಬೆರಳಿಟ್ಟು ಉಗುಳು ನುಂಗಿ. ಮೇಲೇರಿ ಇಳಿಯುವುದೇ ಧ್ವನಿಪೆಟ್ಟಿಗೆ.

2. ಬೆರಳನ್ನು ಅಲ್ಲೇ ಇಟ್ಟು 'ಸ್‌ಸ್‌ಸ್' ಎನ್ನಿ, ಬಳಿಕ 'ಮ್‌ಮ್‌ಮ್' ಎನ್ನಿ. ಯಾವಾಗ ಬೆರಳಿಗೆ ಕಂಪನ ತಿಳಿಯಿತು? ಧ್ವನಿತಂತುಗಳು ಯಾವಾಗ ಕೆಲಸ ಮಾಡಿದವು?

3. ನುಂಗುತ್ತಿರುವ ಕ್ಷಣದಲ್ಲೇ ಉಸಿರು ಎಳೆದುಕೊಳ್ಳಲು ಆಗುತ್ತದೆಯೇ? ಉಗುಳು ನುಂಗಿ ಮಾತ್ರ ಪರೀಕ್ಷಿಸಿ. ಬಾಯಲ್ಲಿ ತಿಂಡಿಯಾಗಲಿ ನೀರಾಗಲಿ ಇಟ್ಟುಕೊಂಡು ಮಾಡಬೇಡಿ.

ಈಗ ಮತ್ತೊಮ್ಮೆ 'ನನ್ನ ಗಂಟಲು ಎಲ್ಲಿದೆ?' ಎಂದು ಕೇಳಿಕೊಳ್ಳಿ. ಈ ಸಲ ನಿಮ್ಮ ಬೆರಳು ಒಂದೇ ಜಾಗ ತೋರಿಸಿ ಸುಮ್ಮನಾಗಲಾರದು.