ಐದು ಸಲ ಶಿಫ್ಟ್ ಒತ್ತಿದರೆ (ಸ್ಯಾನ್ ಡಿಯಾಗೋದಿಂದ, ಭಾಗ 14)



ಶಿಫ್ಟ್ ಅಂದ ಕೂಡಲೇ ನನ್ನ ನೈಟ್ ಡ್ಯೂಟಿ ಪುರಾಣ ಮತ್ತೆ ಶುರುವಾಯಿತು ಅಂದುಕೊಳ್ಳಬೇಡಿ. ಈ ಸಲದ ಶಿಫ್ಟ್ ಕೀಬೋರ್ಡಿನದು. ಅಕ್ಕನ ಮಗ ಹೋದ ವಾರ ಫ್ಯಾಮಿಲಿ ಗ್ರೂಪಿನಲ್ಲಿ ಕೇಳಿದ್ದ: "ಚಿಕ್ಕಮ್ಮ, ಗೇಮಲ್ಲಿ ಓಡೋಕೆ ಶಿಫ್ಟ್ ಒತ್ತುತ್ತಾ ಇರ್ತೀನಿ. ಮಧ್ಯದಲ್ಲಿ ಸ್ಟಿಕಿ ಕೀಸ್ ಅಂತ ಒಂದು ಡಬ್ಬಿ ಬಂದು ಕೂರುತ್ತೆ. ಅದನ್ನ ತೆಗೆಯೋಷ್ಟರಲ್ಲಿ ನನ್ನ ಆಟ ಮುಗಿದಿರುತ್ತೆ. ಇದನ್ನ ಬೇರುಸಮೇತ ಕಿತ್ತುಹಾಕೋದು ಹೇಗೆ?"

ಕ್ಯಾಲಿಫೋರ್ನಿಯಾದಲ್ಲಿ ಇರುವವರಿಗೆಲ್ಲ ಕಂಪ್ಯೂಟರ್ ಗೊತ್ತಿರುತ್ತೆ ಅನ್ನೋ ನಂಬಿಕೆ ನಮ್ಮ ಹಾಸನದ ಕಡೆ ಇನ್ನೂ ಇದೆ. ಇರಲಿ. ಈ ಪ್ರಶ್ನೆಗೆ ಉತ್ತರ ನನಗೆ ಗೊತ್ತಿದೆ, ಯಾಕಂದರೆ ಅವನಿಗೆ ಕಾಟ ಕೊಡುವ ಆ ಡಬ್ಬಿಯ ಜೊತೆ ನನಗೆ ಕೆಲಸದಲ್ಲಿ ನಂಟಿದೆ. ಆದರೆ "ಬೇರುಸಮೇತ" ಅನ್ನುವ ಮಾತಿಗೆ ನನ್ನ ಒಪ್ಪಿಗೆ ಇಲ್ಲ. ಅದಕ್ಕೇ ಈ ಉದ್ದದ ಪೋಸ್ಟ್.

ಮೊದಲು ಹುಡುಗರ ಪರವಾಗಿ ಮಾತಾಡುತ್ತೇನೆ. "ಗೇಮ್ ತಾನೇ, ಬಿಡು" ಅನ್ನುವ ದೊಡ್ಡವರ ಮಾತು ನನಗೆ ಹಿಡಿಸುವುದಿಲ್ಲ. ಎರಡೂ ಕೈ, ಕಣ್ಣು, ಕಿವಿ ಎಲ್ಲವನ್ನೂ ಒಂದೇ ಕಡೆ ಇಟ್ಟಿರುವಾಗ ಯಾರೋ ಬಂದು ಭುಜ ತಟ್ಟಿದರೆ ಸಿಟ್ಟು ಬರುವುದು ಸಹಜ. ನಾವು ನರ್ಸುಗಳು ಮಾತ್ರೆ ಎಣಿಸುವಾಗ ಯಾರಾದರೂ ಮಾತಾಡಿಸಿದರೆ ಮತ್ತೆ ಮೊದಲಿನಿಂದ ಎಣಿಸುತ್ತೇವೆ. ಗಮನ ತಪ್ಪಿಸುವುದು ಚಿಕ್ಕ ವಿಷಯ ಅಲ್ಲ.

ನಾನು ಮೊದಲು ಇದ್ದ ಲಾಸ್ ಏಂಜಲೀಸಿಗೂ ಈಗಿರುವ ಸ್ಯಾನ್ ಡಿಯಾಗೋಗೂ ಸುಮಾರು 190 ಕಿಲೋಮೀಟರ್. ಹೆಚ್ಚುಕಡಿಮೆ ಹಾಸನದಿಂದ ಬೆಂಗಳೂರಿಗೆ ಇರುವಷ್ಟೇ. ಆ ದಾರಿಯುದ್ದಕ್ಕೂ ಗೇಮ್ ಮಾಡುವವರೇ ಇದ್ದಾರೆ ಅಂದರೆ ನಮ್ಮ ಹುಡುಗರು ಕುಣಿದಾಡುತ್ತಾರೆ. ಲೀಗ್ ಆಫ್ ಲೆಜೆಂಡ್ಸ್, ವ್ಯಾಲೊರಂಟ್ ಮಾಡಿದ ರಾಯಟ್ ಗೇಮ್ಸ್ ಲಾಸ್ ಏಂಜಲೀಸಿನದು. ನಡುವೆ ಅರ್ವೈನ್ ಊರಲ್ಲಿ ಬ್ಲಿಝಾರ್ಡ್. 1999ರಲ್ಲಿ ಬಂದ ಎವರ್‌ಕ್ವೆಸ್ಟ್ ಹುಟ್ಟಿದ್ದು ಸ್ಯಾನ್ ಡಿಯಾಗೋದಲ್ಲಿ. ಗೇಮ್ ಆಡುವವರಿಗೆಂದೇ ಮೌಸ್ ಮಾಡಲು ರೇಝರ್ ಅನ್ನುವ ಹೆಸರು ಶುರುವಾದದ್ದೂ 1998ರಲ್ಲಿ ಇದೇ ಊರಿನಲ್ಲಿ. ಇವತ್ತು ಅವರ ಕೀಬೋರ್ಡುಗಳಲ್ಲಿ "ಗೇಮಿಂಗ್ ಮೋಡ್" ಅಂತ ಒಂದಿದೆ. ಅದನ್ನು ಹಾಕಿದರೆ ವಿಂಡೋಸ್ ಕೀ ಸತ್ತಂತೆ ಇರುತ್ತದೆ, ಆಟ ಮುಗಿದ ಮೇಲೆ ಮತ್ತೆ ಎಬ್ಬಿಸಬಹುದು. ಅಂದರೆ ಈ ಕಾಟ ನಮ್ಮ ಹುಡುಗನೊಬ್ಬನದ್ದಲ್ಲ, ಅದಕ್ಕೆ ಒಂದು ಮಾರುಕಟ್ಟೆಯೇ ಇದೆ.

ಹಾಗಾದರೆ ಈ ಸ್ಟಿಕಿ ಕೀಸ್ ಯಾಕಿದೆ? ಇದಕ್ಕೆ ಸ್ವಲ್ಪ ಹಿಂದೆ ಹೋಗಬೇಕು. 1981ರಲ್ಲಿ ಐಬಿಎಂ ಕಂಪನಿ ತನ್ನ ಪಿಸಿ ತಂದಾಗ, ಅದನ್ನು ಒಮ್ಮೆಲೇ ಮರುಚಾಲನೆ ಮಾಡಲು ಡೇವಿಡ್ ಬ್ರಾಡ್ಲಿ ಅನ್ನುವ ಎಂಜಿನಿಯರ್ ಮೂರು ಕೀಗಳ ಜೋಡಿ ಮಾಡಿದರು. ಮೊದಲು ಕಂಟ್ರೋಲ್, ಆಲ್ಟ್, ಎಸ್ಕೇಪ್ ಅಂತ ಇಟ್ಟಿದ್ದರಂತೆ. ಮೂರೂ ಎಡಗಡೆಯೇ ಇರುವುದರಿಂದ ಒಂದೇ ಕೈ ತಾಕಿ ಕೆಲಸವೆಲ್ಲ ಅಳಿಸಿಹೋಗಬಹುದು ಅಂತ ಎಸ್ಕೇಪ್ ಬದಲು ದೂರದ ಡಿಲೀಟ್ ಕೀ ಆರಿಸಿದರು. ಎರಡು ಕೈ ಬೇಕೇ ಬೇಕು ಅನ್ನುವುದು ಅಲ್ಲಿ ರಕ್ಷಣೆ.

ಈಗ ಒಂದೇ ಕೈ ಇರುವವರನ್ನು ನೆನೆಸಿಕೊಳ್ಳಿ. ಅವರಿಗೆ ಅದೇ ರಕ್ಷಣೆ ಬೀಗ ಹಾಕಿದ ಬಾಗಿಲು. ಈ ತೊಂದರೆಗೆ ಅಮೆರಿಕದ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಟ್ರೇಸ್ ಸೆಂಟರಿನಲ್ಲಿ ಗ್ರೆಗ್ ವ್ಯಾಂಡರ್‌ಹೈಡನ್ ಮತ್ತು ಅವರ ತಂಡ ಉಪಾಯ ಹುಡುಕಿದರು. ಶಿಫ್ಟನ್ನು ಹಿಡಿದೇ ಇರಬೇಕಾಗಿಲ್ಲ, ಒಮ್ಮೆ ಒತ್ತಿ ಬಿಟ್ಟರೆ ಮುಂದಿನ ಅಕ್ಷರಕ್ಕೆ ಅದು ಅಂಟಿಕೊಳ್ಳುತ್ತದೆ. ಅದಕ್ಕೇ "ಸ್ಟಿಕಿ". ವಿಂಡೋಸ್ 95ರಿಂದ ಇದು ವಿಂಡೋಸ್ ಒಳಗೇ ಬರುತ್ತಿದೆ. ಐದು ಸಲ ಶಿಫ್ಟ್ ಒತ್ತಿದರೆ ಯಾಕೆ ಶುರುವಾಗುತ್ತದೆ ಅಂದರೆ, ಮೌಸ್ ಹಿಡಿಯಲಾಗದ, ಮೆನು ತೆರೆಯಲಾಗದ ಮನುಷ್ಯ ಯಾರನ್ನೂ ಕರೆಯದೆ ತಾನೇ ಅದನ್ನು ಶುರು ಮಾಡಿಕೊಳ್ಳಬೇಕು. ಎಲ್ಲಿ ಕೂತರೂ, ಯಾರ ಕಂಪ್ಯೂಟರ್ ಆದರೂ.

ಲಾಸ್ ಏಂಜಲೀಸಿನಲ್ಲಿ ನಾನು ಸ್ಟ್ರೋಕ್ ವಾರ್ಡಿನಲ್ಲಿದ್ದೆ. ರೋಗಿಗಳ ವಿವರ ಹೇಳುವ ಹಾಗಿಲ್ಲ, ಹೇಳುವುದೂ ಇಲ್ಲ. ಆದರೆ ಬಲಗೈ ಬಿದ್ದುಹೋದವರು ಎಡಗೈಯ ಒಂದು ಬೆರಳಿನಲ್ಲಿ ತಮ್ಮ ಹೆಸರಿನ ಮೊದಲ ಅಕ್ಷರವನ್ನು ದೊಡ್ಡಕ್ಷರದಲ್ಲಿ ಟೈಪ್ ಮಾಡಿ, ಮುಖ ಎತ್ತಿ ನೋಡುವುದನ್ನು ಹತ್ತಾರು ಸಲ ನೋಡಿದ್ದೇನೆ. ಆ ಮುಖ ನೋಡಿದವರು ಸ್ಟಿಕಿ ಕೀಸ್ ಬಗ್ಗೆ ಜೋಕ್ ಮಾಡುವುದಿಲ್ಲ.

ಇದು ಅಲ್ಲಿಯ ಮಾತಾಯಿತು, ಊರಿನ ಮಾತಿಗೆ ಬರುತ್ತೇನೆ. ಅಕ್ಕನ ಮಾವನವರಿಗೆ ಲಕ್ವ ಹೊಡೆದ ವಿಷಯ ನಿಮಗೆಲ್ಲ ಗೊತ್ತಿದೆ. ಈಗ ಎಡಗೈಯಲ್ಲೇ ನಿಧಾನವಾಗಿ ಟೈಪ್ ಮಾಡುತ್ತಾರೆ, ಕನ್ನಡದಲ್ಲೇ ಬರೆಯುತ್ತಾರೆ, ಅದೂ ಇದೇ ಹುಡುಗ ಗೇಮ್ ಆಡುವ ಕಂಪ್ಯೂಟರಿನಲ್ಲಿ. ಕನ್ನಡಕ್ಕೆ ಶಿಫ್ಟ್ ಎಷ್ಟು ಬೇಕು ಗೊತ್ತೇ? ಇಂಗ್ಲಿಷಿನಲ್ಲಿ ವಾಕ್ಯದ ಶುರುವಿಗೆ, ಹೆಸರಿಗೆ ಬೇಕು, ಅಷ್ಟೇ. ಕೆ. ಪಿ. ರಾವ್ ಅವರು ರೂಪಿಸಿದ, ನುಡಿಯಲ್ಲಿ ನಾವೆಲ್ಲ ಬಳಸುವ ಕೀಲಿಮಣೆಯಲ್ಲಿ ಲ ಇರುವ ಕೀಗೆ ಶಿಫ್ಟ್ ಸೇರಿಸಿದರೆ ಳ, ನ ಇರುವಲ್ಲಿ ಣ, ಕ ಇರುವಲ್ಲಿ ಖ, ಸ ಇರುವಲ್ಲಿ ಶ. "ಹಳ್ಳಿ" ಅಂತ ಬರೆಯಲು ಶಿಫ್ಟ್ ಬೇಕು, "ಹಣ" ಅಂತ ಬರೆಯಲೂ ಬೇಕು. ಎಡಗೈ ಒಂದರಲ್ಲೇ ಎಡತುದಿಯ ಶಿಫ್ಟ್ ಹಿಡಿದುಕೊಂಡು ಬಲಗಡೆಯ ಎಲ್ ಮುಟ್ಟಿ ನೋಡಿ. ಆಮೇಲೆ ಹೇಳಿ, ಬೇರುಸಮೇತ ಕೀಳಬೇಕೋ ಬೇಡವೋ.

ಇದೇ ನ್ಯಾಯ ಉಳಿದ ಶಾರ್ಟ್‌ಕಟ್‌ಗಳಿಗೂ ಅನ್ವಯ. ವಿಂಡೋಸ್ ಕೀ ಜೊತೆ ಎಲ್ ಒತ್ತಿದರೆ ಸ್ಕ್ರೀನ್ ಲಾಕ್ ಆಗುತ್ತದೆ, ಗೇಮ್ ಆಡುವವನಿಗೆ ತಲೆನೋವು. ನನಗೆ ಅದೇ ದಿನಕ್ಕೆ ಎಷ್ಟೋ ಸಲ ಬೇಕು. ಇಲ್ಲಿ ಹಿಪಾ ಅಂತ 1996ರ ಕಾನೂನು ಇದೆ, ರೋಗಿಯ ಮಾಹಿತಿ ದಾರಿಹೋಕರ ಕಣ್ಣಿಗೆ ಬೀಳಬಾರದು. ಕಂಪ್ಯೂಟರ್ ಬಿಟ್ಟು ಎದ್ದರೆ ಲಾಕ್ ಮಾಡಿಯೇ ಏಳಬೇಕು. ಆಲ್ಟ್ ಜೊತೆ ಶಿಫ್ಟ್ ಒತ್ತಿದರೆ ಕೀಬೋರ್ಡಿನ ಭಾಷೆ ಬದಲಾಗುತ್ತದೆ. ಮನೆಯಲ್ಲಿ ಕನ್ನಡ ಕೀಬೋರ್ಡ್ ಸೇರಿಸಿಕೊಂಡ ಹುಡುಗ ಆಟದ ಮಧ್ಯೆ ಇದನ್ನು ಒತ್ತಿದರೆ ಇಂಗ್ಲಿಷ್ ಹೋಗಿ ಕನ್ನಡ ಬಂದು, ಬರೆದ ಚಾಟ್ ಯಾರಿಗೂ ಅರ್ಥವಾಗುವುದಿಲ್ಲ. ಕೋಪದಲ್ಲಿ ಕನ್ನಡ ಕೀಬೋರ್ಡನ್ನೇ ಅಳಿಸಿಹಾಕಿದವರೂ ಇದ್ದಾರೆ! ಅದು ಬೇಕಾಗಿಲ್ಲ ಕಣ್ರಪ್ಪ. ಒಬ್ಬರ ಅಡ್ಡಿ ಇನ್ನೊಬ್ಬರ ದಾರಿ.

ಆಸ್ಪತ್ರೆಯಲ್ಲಿ ಇದಕ್ಕೊಂದು ಪಾಠ ಇದೆ. ಐಸಿಯುನಲ್ಲಿ ಮಾನಿಟರುಗಳು ಕೂಗುತ್ತಲೇ ಇರುತ್ತವೆ. ಕೇಳಿ ಕೇಳಿ ಕಿವಿ ಜಡ್ಡುಗಟ್ಟಿದರೆ ನಿಜವಾದ ಅಪಾಯದ ಕೂಗೂ ಕೇಳಿಸದೆ ಹೋಗುತ್ತದೆ. ಇಲ್ಲಿ ಆಸ್ಪತ್ರೆಗಳಿಗೆ ಮಾನ್ಯತೆ ಕೊಡುವ ಜಾಯಿಂಟ್ ಕಮಿಷನ್ 2014ರಲ್ಲಿ ಅಲಾರಂ ನಿರ್ವಹಣೆಯನ್ನು ರೋಗಿ ಸುರಕ್ಷತೆಯ ರಾಷ್ಟ್ರೀಯ ಗುರಿಗಳಲ್ಲಿ ಸೇರಿಸಿತು. ಪರಿಹಾರ ಅಂದರೆ ಅಲಾರಂ ತಂತಿ ಕೀಳುವುದಲ್ಲ. ಯಾವ ರೋಗಿಗೆ ಯಾವ ಮಿತಿ ಅಂತ ನೋಡಿ ಹೊಂದಿಸುವುದು. ಕೀಬೋರ್ಡಿಗೂ ಅದೇ ಮದ್ದು.

ಈಗ ಹುಡುಗರಿಗೆ ಬೇಕಾದದ್ದು. ಕ್ರಮವಾಗಿ ಹೇಳುತ್ತೇನೆ, ವಿಂಡೋಸ್ 11ಕ್ಕೆ.

ಒಂದು: ಕಂಪ್ಯೂಟರನ್ನು ಇಬ್ಬರು ಬಳಸುತ್ತಿದ್ದರೆ ಮೊದಲು ಇಬ್ಬರಿಗೂ ಬೇರೆ ಬೇರೆ ಯೂಸರ್ ಅಕೌಂಟ್ ಮಾಡಿ. ಈ ಸೆಟ್ಟಿಂಗುಗಳು ಆಯಾ ಅಕೌಂಟಿಗೆ ಮಾತ್ರ ಸೇರಿದವು. ಹುಡುಗನದರಲ್ಲಿ ಆಫ್, ತಾತನದರಲ್ಲಿ ಸದಾ ಆನ್. ಜಗಳವೇ ಇಲ್ಲ.

ಎರಡು: ಸೆಟ್ಟಿಂಗ್ಸ್, ಆಕ್ಸೆಸಿಬಿಲಿಟಿ, ಕೀಬೋರ್ಡ್, ಸ್ಟಿಕಿ ಕೀಸ್. ಅಲ್ಲಿ ಸ್ಟಿಕಿ ಕೀಸಿನ ಕೀಬೋರ್ಡ್ ಶಾರ್ಟ್‌ಕಟ್ ಅಂತ ಒಂದು ಗುಂಡಿ ಇದೆ, ಅದನ್ನು ಮಾತ್ರ ಆಫ್ ಮಾಡಿ. ಸೌಲಭ್ಯ ಉಳಿಯುತ್ತದೆ, ಡಬ್ಬಿ ಬರುವುದಿಲ್ಲ. ಅಲ್ಲೇ ಫಿಲ್ಟರ್ ಕೀಸ್ ಶಾರ್ಟ್‌ಕಟ್ಟನ್ನೂ ಆಫ್ ಮಾಡಿ. ಬಲಗಡೆಯ ಶಿಫ್ಟ್ 8 ಸೆಕೆಂಡ್ ಹಿಡಿದರೆ ಬರುವುದು ಅದು. ಟಾಗಲ್ ಕೀಸ್ ಬರುವುದು ನಮ್ ಲಾಕ್ 5 ಸೆಕೆಂಡ್ ಹಿಡಿದರೆ.

ಮೂರು: ಸೆಟ್ಟಿಂಗ್ಸ್, ಟೈಮ್ ಅಂಡ್ ಲ್ಯಾಂಗ್ವೇಜ್, ಟೈಪಿಂಗ್, ಅಡ್ವಾನ್ಸ್‌ಡ್ ಕೀಬೋರ್ಡ್ ಸೆಟ್ಟಿಂಗ್ಸ್, ಇನ್‌ಪುಟ್ ಲ್ಯಾಂಗ್ವೇಜ್ ಹಾಟ್ ಕೀಸ್. ಅಲ್ಲಿ ಚೇಂಜ್ ಕೀ ಸೀಕ್ವೆನ್ಸ್ ಒತ್ತಿ ನಾಟ್ ಅಸೈನ್ಡ್ ಆರಿಸಿ. ಕನ್ನಡ ಎಲ್ಲಿಗೂ ಹೋಗುವುದಿಲ್ಲ, ವಿಂಡೋಸ್ ಕೀ ಮತ್ತು ಸ್ಪೇಸ್ ಒತ್ತಿದರೆ ಮೊದಲಿನಂತೆ ಬರುತ್ತದೆ.

ನಾಲ್ಕು: ವಿಂಡೋಸ್ ಕೀ ಕಾಟಕ್ಕೆ, ಕೀಬೋರ್ಡಿನಲ್ಲೇ ಗೇಮಿಂಗ್ ಮೋಡ್ ಇದ್ದರೆ ಅದೇ ಸಾಕು. ಇಲ್ಲದಿದ್ದರೆ ಮೈಕ್ರೋಸಾಫ್ಟಿನ ಉಚಿತ ಪವರ್‌ಟಾಯ್ಸ್ ಹಾಕಿಕೊಂಡು ಕೀಬೋರ್ಡ್ ಮ್ಯಾನೇಜರಿನಲ್ಲಿ ಆ ಕೀಯನ್ನು ಡಿಸೇಬಲ್ ಮಾಡಿ, ಆಟ ಮುಗಿದ ಮೇಲೆ ಬಿಡಿಸಿ.

ಐದು: ಬ್ರೌಸರಿನಲ್ಲಿ ಆಡುವವರು ಬಗ್ಗಿ ನಡೆಯುವುದಕ್ಕೆ ಕಂಟ್ರೋಲ್ ಇಟ್ಟುಕೊಳ್ಳಬೇಡಿ. ಬಗ್ಗಿಕೊಂಡು ಮುಂದೆ ಹೋಗಲು ಡಬ್ಲ್ಯು ಒತ್ತಿದರೆ ಎರಡೂ ಸೇರಿ ಟ್ಯಾಬೇ ಮುಚ್ಚಿಹೋಗುತ್ತದೆ. ಗೇಮಿನ ಸೆಟ್ಟಿಂಗಿನಲ್ಲಿ ಬೇರೆ ಕೀ ಕೊಡಿ.

ರಿಜಿಸ್ಟ್ರಿ ಫೈಲ್ ಡೌನ್‌ಲೋಡ್ ಮಾಡಿ ಡಬಲ್ ಕ್ಲಿಕ್ ಮಾಡಿ, ಎಲ್ಲ ಶಾಶ್ವತವಾಗಿ ಹೋಗುತ್ತೆ ಅಂತ ಹೇಳುವ ವಿಡಿಯೋಗಳನ್ನು ನಂಬಬೇಡಿ. ಅಪರಿಚಿತರು ಕೊಟ್ಟ ಇಂಜೆಕ್ಷನ್ ಚುಚ್ಚಿಸಿಕೊಳ್ಳುತ್ತೀರಾ? ಇದೂ ಹಾಗೇ. ಕೆಲವು ಇಡೀ ಕಂಪ್ಯೂಟರಿಗೇ ಅನ್ವಯವಾಗುತ್ತವೆ, ತಾತನ ಅಕೌಂಟನ್ನೂ ಬಿಡುವುದಿಲ್ಲ.

ಕೊನೆಗೆ ನನ್ನ ಅಭಿಪ್ರಾಯ. ಇಷ್ಟೆಲ್ಲ ಹುಡುಗರ ತಲೆಗೆ ಕಟ್ಟಬೇಕಾಗಿಲ್ಲ, ಗೇಮ್ ಮಾಡುವವರೇ ಮಾಡಬಹುದು. ಮೈಕ್ರೋಸಾಫ್ಟ್ ಗೇಮ್ ಬರೆಯುವವರಿಗೆ ಕೊಟ್ಟಿರುವ ಸಲಹೆಯೇ ಇದೆ: ಆಟ ಶುರುವಾಗುವಾಗ ಬಳಕೆದಾರರ ಸೆಟ್ಟಿಂಗ್ ಏನಿತ್ತು ಅಂತ ನೆನಪಿಟ್ಟುಕೊಳ್ಳಿ. ಅವರು ಸ್ಟಿಕಿ ಕೀಸ್ ಬಳಸುತ್ತಿದ್ದರೆ ಮುಟ್ಟಬೇಡಿ. ಬಳಸುತ್ತಿಲ್ಲದಿದ್ದರೆ ಶಾರ್ಟ್‌ಕಟ್ ಮಾತ್ರ ತಡೆಯಿರಿ. ಆಟ ಮುಗಿದಾಗ ಇದ್ದ ಹಾಗೇ ವಾಪಸ್ ಇಡಿ. ನೆಂಟರ ಮನೆಗೆ ಹೋದವರು ಹಾಸಿಗೆ ಸುತ್ತಿಟ್ಟು ಹೊರಡುತ್ತಾರಲ್ಲ, ಅಷ್ಟೇ ಮರ್ಯಾದೆ. ಎಲ್ಲ ಗೇಮುಗಳೂ ಇದನ್ನು ಪಾಲಿಸಿದ್ದರೆ ನಮ್ಮ ಹುಡುಗ ನನ್ನನ್ನು ಕೇಳಬೇಕಾಗಿಯೇ ಇರಲಿಲ್ಲ.

ಮನಸ್ಸು ಮಾಡಿದರೆ ಆಗುತ್ತದೆ ಅನ್ನುವುದಕ್ಕೂ ಇಲ್ಲಿಯದೇ ಉದಾಹರಣೆ ಇದೆ. ಲಾಸ್ ಏಂಜಲೀಸಿಗೆ ಅಂಟಿಕೊಂಡ ಸಾಂತಾ ಮೋನಿಕಾದ ನಾಟಿ ಡಾಗ್ ಸಂಸ್ಥೆ 2020ರಲ್ಲಿ ದ ಲಾಸ್ಟ್ ಆಫ್ ಅಸ್ ಎರಡನೇ ಭಾಗ ತಂದಾಗ ಅದರಲ್ಲಿ ಕೈ, ಕಣ್ಣು, ಕಿವಿಯ ತೊಂದರೆ ಇರುವವರಿಗಾಗಿ 60ಕ್ಕಿಂತ ಹೆಚ್ಚು ಸೆಟ್ಟಿಂಗ್ ಇಟ್ಟಿತ್ತು. ಕಣ್ಣು ಕಾಣದವರೂ ಆ ಆಟ ಮುಗಿಸಿದ್ದಾರೆ. ಅಂದರೆ ಸ್ಟಿಕಿ ಕೀಸ್ ಬಳಸುವವರು ಒಂದು ಕಡೆ, ಗೇಮ್ ಆಡುವವರು ಇನ್ನೊಂದು ಕಡೆ ಅಂತ ಗೆರೆ ಎಳೆಯುವುದೇ ತಪ್ಪು. ಎಷ್ಟೋ ಸಲ ಇಬ್ಬರೂ ಒಬ್ಬರೇ.

ಊರಿನಲ್ಲಿ ಸೈಬರ್, ಡಿಟಿಪಿ ಅಂಗಡಿ ಇಟ್ಟಿರುವವರಿಗೆ, ಶಾಲೆಯ ಲ್ಯಾಬ್ ನೋಡಿಕೊಳ್ಳುವ ಮೇಷ್ಟ್ರುಗಳಿಗೆ ಒಂದು ಕೋರಿಕೆ: ಎಲ್ಲರೂ ಬಂದು ಕೂರುವ ಕಂಪ್ಯೂಟರಿನಲ್ಲಿ ಇದನ್ನು ಆಫ್ ಮಾಡಬೇಡಿ. ಮುಂದೆ ಬಂದು ಕೂರುವವರಿಗೆ ಎಷ್ಟು ಕೈ ಕೆಲಸ ಮಾಡುತ್ತವೆ ಅಂತ ನಮಗೆ ಗೊತ್ತಿರುವುದಿಲ್ಲ.

ಸೆಟ್ಟಿಂಗ್ ಸಿಗದಿದ್ದರೆ ಸ್ಕ್ರೀನಿನ ಫೋಟೋ ತೆಗೆದು ಕಳಿಸಿ. ನಿಮ್ಮ ರಾತ್ರಿ ಎಂಟು ಗಂಟೆ ಅಂದರೆ ನನಗೆ ಬೆಳಗ್ಗೆ, ಡ್ಯೂಟಿ ಇಲ್ಲದ ದಿನ ಉತ್ತರ ಕೊಡುತ್ತೇನೆ. ಮುಂದಿನ ಭಾಗದಲ್ಲಿ ಶುಭಕ್ಕ ಕೇಳಿದ್ದ ವಿಷಯ: ಬಿಪಿ ಮಷಿನ್ ಮನೆಯಲ್ಲಿ ಸರಿಯಾಗಿ ಹಾಕಿಕೊಳ್ಳುವುದು ಹೇಗೆ.